ಹಂಸಪಾದ ಹಾಕಿ ಸೇರಿಸಿದ ಪದ: ಗೃಹ ಸಚಿವರಿಗೆ ಒಬ್ಬ ಪ್ರಕಾಶಕನ ಬಹಿರಂಗ ಪತ್ರ

ಮಾನ್ಯ ಗೃಹ ಸಚಿವರೆ,

ನಮಸ್ಕಾರ. ನಾನೊಬ್ಬ ಸಣ್ಣ ಕನ್ನಡ ಪ್ರಕಾಶಕ. ವರ್ಷಕ್ಕೆ ಐದೋ ಆರೋ ಪುಸ್ತಕ ತರುತ್ತೇನೆ. ಮನೆಯ ಮುಂದಿನ ಕೋಣೆಯೇ ಕಚೇರಿ, ಅಟ್ಟವೇ ಗೋದಾಮು. ಪ್ರೂಫ್ ನೋಡುವುದು ಹೆಂಡತಿ, ಪಾರ್ಸೆಲ್ ಕಟ್ಟುವುದು ನಾನು. ನಿಮಗೆ ನನ್ನ ಪರಿಚಯ ಇರಲಿಕ್ಕಿಲ್ಲ. ಇರಬೇಕಾದ ಕಾರಣವೂ ಇಲ್ಲ.

ಹೋದ ವರ್ಷ ಒಂದು ಸಂಜೆ, ಒಂದು ಪೊಲೀಸ್ ಠಾಣೆಯಲ್ಲಿ ಕೂತು, ಬಿಳಿ ಹಾಳೆಯ ಮೇಲೆ ನಾಲ್ಕು ಸಾಲು ಬರೆದುಕೊಟ್ಟೆ. ಅದರಲ್ಲಿ ಮುಖ್ಯ ಸಾಲು ಇದು: ‘ಈ ಪುಸ್ತಕವನ್ನು ನಾನು ಸ್ವಇಚ್ಛೆಯಿಂದ ಮಾರಾಟದಿಂದ ಹಿಂಪಡೆಯುತ್ತಿದ್ದೇನೆ.’ ಆ ಹಾಳೆಯನ್ನು ವಾಪಸ್ ತೆಗೆದುಕೊಳ್ಳಲು ಈ ಪತ್ರ ಬರೆಯುತ್ತಿದ್ದೇನೆ. ಮೊದಲು ಠಾಣೆಗೇ ಹೋಗಿ ಕೇಳಿದೆ. ಅಂಥ ಹಾಳೆ ಯಾವ ಫೈಲಿನಲ್ಲೂ ಇಲ್ಲ ಅಂದರು. ಇಲ್ಲದ ಹಾಳೆಯನ್ನು ವಾಪಸ್ ಕೇಳುವುದು ಹೇಗೆ? ಅದಕ್ಕೇ ಎಲ್ಲರಿಗೂ ಕಾಣುವ ಹಾಗೆ ಬರೆಯಬೇಕಾಯಿತು.

ಯಾವ ಊರು, ಯಾವ ಠಾಣೆ ಅನ್ನುವುದು ಬೇಡ. ಅಲ್ಲಿದ್ದ ಅಧಿಕಾರಿ ಒರಟಾಗಿ ಮಾತಾಡಲಿಲ್ಲ. ಚಹಾ ತರಿಸಿದರು. ಮಗಳಿಗೆ ಕನ್ನಡ ಪುಸ್ತಕ ಓದುವ ಹುಚ್ಚು ಅಂತ ಹೇಳಿಕೊಂಡರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಪುಸ್ತಕದ ಹೆಸರನ್ನೂ ಇಲ್ಲಿ ಬರೆಯುವುದಿಲ್ಲ. ‘ಬರೆದರೆ ಜಾಹೀರಾತು ಆಗುತ್ತೆ ಸಾರ್, ಬೇಡ’ ಅಂತ ಲೇಖಕಿಯೇ ಹೇಳಿದಳು.

ಅದೊಂದು ಕಥಾ ಸಂಕಲನ. ಡೆಮಿ 1/8, 144 ಪುಟ, 180 ರೂಪಾಯಿ. 600 ಪ್ರತಿ ಹಾಕಿಸಿದ್ದೆ. ಲೇಖಕಿಗೆ ಅದು ಮೊದಲ ಪುಸ್ತಕ. ಅದರಲ್ಲಿ ಒಂದು ಕಥೆ ಜಾತ್ರೆಯದು. ಮೂರು ವರ್ಷ ಮಳೆ ಇಲ್ಲ. ದನ ಮಾರಿಯಾಗಿದೆ. ಮಗ ಊರು ಬಿಟ್ಟು ಹೋಗಿದ್ದಾನೆ. ಜಾತ್ರೆಯ ರಾತ್ರಿ ಜನ ಎಲ್ಲ ಮಲಗಿದ ಮೇಲೆ ಒಬ್ಬ ಮುದುಕಿ ಊರಮ್ಮನ ಎದುರು ನಿಂತು ಬೈಯುತ್ತಾಳೆ. ‘ಕಣ್ಣು ಬಿಟ್ಕೊಂಡು ಕೂತಿದ್ದೀಯಲ್ಲ, ಕಾಣ್ಸೋದಿಲ್ವೇನೆ ನಿಂಗೆ?’ ಅಲ್ಲಿಂದ ಶುರುವಾಗಿ ಇಡೀ ಪುಟ ಬೈಗುಳ. ಅದು 87ನೇ ಪುಟ. ಹಾಳೆ ತಿರುಗಿಸಿದರೆ 88ರಲ್ಲಿ ಅದೇ ಮುದುಕಿ ದೀಪಕ್ಕೆ ಎಣ್ಣೆ ಹಾಕುತ್ತಾಳೆ. ಮಾಗಿ ಚಳಿ ಅಂತ ತನ್ನ ಕಂಬಳಿ ತೆಗೆದು ಅಮ್ಮನಿಗೆ ಹೊದಿಸುತ್ತಾಳೆ. ಬೆಳಗಾಗುವ ತನಕ ಅಲ್ಲೇ ನಡುಗುತ್ತಾ ಕೂರುತ್ತಾಳೆ. ದೇವರನ್ನು ಬೈದು ಹಾಡುವುದಕ್ಕೆ ನಮ್ಮಲ್ಲಿ ನಿಂದಾಸ್ತುತಿ ಅಂತ ಹೆಸರೇ ಇದೆ, ಅಲ್ವಾ? ದಾಸರು ಹಾಡಿದ್ದನ್ನು ನಾವು ಇವತ್ತಿಗೂ ಭಜನೆಯಲ್ಲಿ ಹೇಳುತ್ತೇವೆ. ಮುದುಕಿಗೆ ರಾಗ ಬರುತ್ತಿರಲಿಲ್ಲ, ಅಷ್ಟೇ.

ಯಾರೋ 87ನೇ ಪುಟದ ಫೋಟೋ ತೆಗೆದರು. ಫೋಟೋದ ಮೂಲೆಯಲ್ಲಿ ಅವರ ಹೆಬ್ಬೆರಳು ಇತ್ತು. 88ನೇ ಪುಟ ಅದೇ ಹಾಳೆಯ ಹಿಂಬದಿ. ಆ ಹೆಬ್ಬೆರಳು ಹಾಳೆಯನ್ನು ಮಗುಚಲಿಲ್ಲ. ಫೋಟೋ ವಾಟ್ಸಾಪ್‌ನಲ್ಲಿ ಓಡಾಡಿತು. ಮೂರನೇ ದಿನಕ್ಕೆ ನನಗೆ ಫೋನ್ ಬರಲು ಶುರುವಾಯಿತು. ಒಬ್ಬರು ‘ನಿಮ್ಮ ಪುಸ್ತಕ ಎಲ್ಲಿ ಸಿಗುತ್ತೆ? ಸುಡಬೇಕಿತ್ತು’ ಅಂದರು. ಹತ್ತು ಪ್ರತಿ ತಗೊಂಡರೆ ರಿಯಾಯಿತಿ ಇದೆ ಅಂತ ಬಾಯಿಗೆ ಬಂತು. ನುಂಗಿಕೊಂಡೆ.

ನಾಲ್ಕನೇ ದಿನ ಪ್ರೆಸ್ಸಿನವರು ಫೋನ್ ಮಾಡಿದರು. ಎಷ್ಟೋ ವರ್ಷದ ಗೆಳೆತನ. ‘ಸಾರ್, ಬೇಜಾರು ಮಾಡ್ಕೋಬೇಡಿ. ಎರಡನೇ ಮುದ್ರಣ ಬೇರೆ ಕಡೆ ನೋಡಿ. ಒಳಪುಟದಲ್ಲಿ ನಮ್ಮ ಹೆಸರು, ವಿಳಾಸ ಇದೆ. ಮನೇಲಿ ಹೆದರಿಕೊಂಡಿದ್ದಾರೆ.’ ಆಮೇಲೆ ಪುಸ್ತಕದ ಅಂಗಡಿಯವರು. ಅವರು ಪ್ರತಿಗಳನ್ನು ಕೌಂಟರಿನ ಕೆಳಗೆ ಇಟ್ಟಿದ್ದರು. ‘ಕೇಳಿದೋರಿಗೆ ಕೊಡ್ತೀವಿ’ ಅಂದರು. ಕೌಂಟರಿನ ಕೆಳಗೆ ಇರುವ ಪುಸ್ತಕವನ್ನು ಯಾರು ಕೇಳುತ್ತಾರೆ ಹೇಳಿ. ಐದನೇ ದಿನ ಠಾಣೆಯಿಂದ ಕರೆ. ‘ಸುಮ್ನೆ ಒಂದು ಸಲ ಬಂದು ಹೋಗಿ ಸಾರ್. ಶಾಂತಿ ಸಭೆ.’

ಸಭೆಯಲ್ಲಿ ಆ ಕಡೆಯವರು ನಾಲ್ಕು ಜನ. ಈ ಕಡೆ ನಾನು. ಪುಸ್ತಕ ಓದಿದವನು ನಾನೊಬ್ಬನೇ. 88ನೇ ಪುಟ ಓದಿ ಹೇಳಲಾ ಅಂತ ಕೇಳಿದೆ. ‘ಇಲ್ಲಿ ಸಾಹಿತ್ಯ ಬೇಡ ಸಾರ್’ ಅಂದರು ಅಧಿಕಾರಿ. ಹಾಗಾದರೆ ಪುಸ್ತಕ ಮಾರಬಾರದು ಅಂತ ಒಂದು ಆದೇಶ ಬರೆದುಕೊಡಿ ಅಂದೆ. ಅವರು ನಕ್ಕರು. ‘ಆರ್ಡರ್ ಯಾಕೆ? ನಾವೇನು ಬ್ಯಾನ್ ಮಾಡ್ತಿದ್ದೀವಾ? ನೀವೇ ವಾಪಸ್ ತಗೋತಿದ್ದೀರಿ.’

ಅಲ್ಲಿಂದಾಚೆ ಹತ್ತು ನಿಮಿಷದ ಕೆಲಸ. ನಾನು ಬರೆದ ಮೊದಲ ಸಾಲಿನಲ್ಲಿ ‘ಹಿಂಪಡೆಯುತ್ತಿದ್ದೇನೆ’ ಅಂತ ಮಾತ್ರ ಇತ್ತು. ಅವರು ಓದಿ ನೋಡಿ, ಬೆರಳಿಟ್ಟು, ‘ಇಲ್ಲಿ ಸ್ವಇಚ್ಛೆಯಿಂದ ಅಂತ ಸೇರಿಸಿ’ ಅಂದರು. ಹೊಸ ಹಾಳೆ ಬೇಡ, ಅದರಲ್ಲೇ ಸೇರಿಸಿ ಅಂದರು. ಜೀವನ ಪೂರ್ತಿ ಪ್ರೂಫ್ ತಿದ್ದಿದ ಕೈ ನೋಡಿ. ಸಾಲಿನ ಕೆಳಗೆ ಹಂಸಪಾದ ಹಾಕಿ, ಮೇಲೆ ಪುಟ್ಟ ಅಕ್ಷರದಲ್ಲಿ ‘ಸ್ವಇಚ್ಛೆಯಿಂದ’ ಅಂತ ಬರೆದೆ. ಬಿಟ್ಟುಹೋದ ಪದವನ್ನು ಸೇರಿಸುವ ಗುರುತು ಅದು. ನಿಜವಾಗಿಯೂ ಅಲ್ಲಿ ಬಿಟ್ಟುಹೋಗಿದ್ದದ್ದು ಆ ಪದವೇ.

ಯಾಕೆ ಸಹಿ ಹಾಕಿದೆ? ಹೆದರಿದೆ. ಅದಕ್ಕೆ ಬೇರೆ ಹೆಸರು ಕೊಡುವುದಿಲ್ಲ. ಹೆಂಡತಿ ಮನೆಯಲ್ಲಿ ಒಬ್ಬಳೇ ಇದ್ದಳು. ಲೇಖಕಿಯ ಅಪ್ಪ ಮಧ್ಯಾಹ್ನ ಫೋನ್ ಮಾಡಿ ಅತ್ತಿದ್ದರು. ಪ್ರೆಸ್ಸಿನವರ ಮುಖ ಕಣ್ಣ ಮುಂದೆ ಬರುತ್ತಿತ್ತು.

ಆಮೇಲೆ ಮೂರು ತಿಂಗಳು ಕಾನೂನಿನ ಪುಸ್ತಕ ಓದಿದೆ. ನಿಮಗೆ ಕಾನೂನು ಹೇಳಿಕೊಡುವಷ್ಟು ದೊಡ್ಡವನಲ್ಲ. ಆದರೂ ಓದಿದ್ದನ್ನು ಹೇಳುತ್ತೇನೆ. ಯಾಕೆಂದರೆ ಪುಸ್ತಕ ಮುಟ್ಟುಗೋಲು ಹಾಕುವ ಅಧಿಕಾರ ಈ ದೇಶದಲ್ಲಿ ರಾಜ್ಯ ಸರ್ಕಾರದ ಕೈಯಲ್ಲಿದೆ. ಆ ಕಾನೂನನ್ನು ಓದಿ ನನಗೆ ಆಶ್ಚರ್ಯವಾಯಿತು. ಅದು ಕೆಟ್ಟ ಕಾನೂನು ಅಂತಲೇ ನನ್ನ ಅಭಿಪ್ರಾಯ. ಆದರೆ ನನಗೆ ಆ ಕೆಟ್ಟ ಕಾನೂನೂ ಸಿಗಲಿಲ್ಲ.

ಅದರ ಹುಟ್ಟು ಬ್ರಿಟಿಷರ ಕಾಲದ್ದು. 1910ರ ಪ್ರೆಸ್ ಆ್ಯಕ್ಟನ್ನು 1922ರಲ್ಲಿ ರದ್ದು ಮಾಡಿದರು. ಮುಟ್ಟುಗೋಲಿನ ಅಧಿಕಾರವನ್ನು ಮಾತ್ರ ಬಿಡಲಿಲ್ಲ. ದಂಡ ಪ್ರಕ್ರಿಯಾ ಸಂಹಿತೆಗೆ 99ಎ ಅಂತ ಸೇರಿಸಿಕೊಂಡರು. ನಾವು ಸ್ವತಂತ್ರರಾದ ಮೇಲೆ 1973ರ ಸಂಹಿತೆಯಲ್ಲಿ ಅದು 95ನೇ ಕಲಂ ಆಯಿತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 98ನೇ ಕಲಂ. ನಂಬರ್ ಬದಲಾಯಿತು, ಒಳಗಿನ ಸರಕು ಅದೇ. ಒಂದು ಪುಸ್ತಕದಲ್ಲಿ ದ್ವೇಷ ಹುಟ್ಟಿಸುವ, ಧರ್ಮವನ್ನು ಅವಮಾನಿಸುವ, ಅಶ್ಲೀಲವಾದ ವಿಷಯ ಇದೆ ಅಂತ ರಾಜ್ಯ ಸರ್ಕಾರಕ್ಕೆ ಕಂಡರೆ ಸಾಕು, ಅದರ ಪ್ರತಿಯೊಂದು ಪ್ರತಿಯನ್ನೂ ಮುಟ್ಟುಗೋಲು ಹಾಕಬಹುದು. ದೇಶದಲ್ಲಿ ಎಲ್ಲಿ ಸಿಕ್ಕಿದರೂ ಪೊಲೀಸರು ಎತ್ತಿಕೊಂಡು ಹೋಗಬಹುದು. ಮ್ಯಾಜಿಸ್ಟ್ರೇಟರ ವಾರಂಟ್ ಇದ್ದರೆ ಸಬ್ ಇನ್ಸ್‌ಪೆಕ್ಟರ್ ದರ್ಜೆಯವರು ನನ್ನ ಅಟ್ಟವನ್ನೂ ಹುಡುಕಬಹುದು.

ಇಷ್ಟು ಉದ್ದದ ಕೈ ಇರುವ ಕಾನೂನಿಗೂ ಎರಡು ಕಟ್ಟು ಇವೆ. ಒಂದು, ಸರ್ಕಾರ ಅಧಿಸೂಚನೆ ಹೊರಡಿಸಬೇಕು, ಅದರಲ್ಲಿ ಕಾರಣ ಬರೆಯಬೇಕು. 1961ರಲ್ಲೇ ಹರನಾಮ್ ದಾಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಡಾಖಂಡಿತವಾಗಿ ಹೇಳಿದೆ. ಉತ್ತರ ಪ್ರದೇಶ ಸರ್ಕಾರ ಕಾರಣ ಬರೆಯದೆ ಪುಸ್ತಕ ಮುಟ್ಟುಗೋಲು ಹಾಕಿತ್ತು. ಆದೇಶವೇ ಬಿದ್ದುಹೋಯಿತು. ಇನ್ನೊಂದು, ಗೆಜೆಟ್‌ನಲ್ಲಿ ಬಂದ ದಿನದಿಂದ ಎರಡು ತಿಂಗಳೊಳಗೆ ನಾನು ಹೈಕೋರ್ಟಿಗೆ ಹೋಗಬಹುದು. ಮೂವರು ನ್ಯಾಯಮೂರ್ತಿಗಳ ವಿಶೇಷ ಪೀಠ ಕೂತು ಕೇಳಬೇಕು. ಒಂದು ಸಣ್ಣ ಪುಸ್ತಕಕ್ಕೆ ಮೂವರು ನ್ಯಾಯಮೂರ್ತಿಗಳು! ಬರೆದವರಿಗೆ ಪುಸ್ತಕದ ಬಗ್ಗೆ ಭಯ ಇತ್ತೋ ಗೌರವ ಇತ್ತೋ ಗೊತ್ತಿಲ್ಲ, ಅಷ್ಟಾದರೂ ಇಟ್ಟರು.

ನನ್ನ ಬಿಳಿ ಹಾಳೆಯಲ್ಲಿ ಕಾರಣ ಇಲ್ಲ. ಗೆಜೆಟ್ ಇಲ್ಲ. ಎರಡು ತಿಂಗಳ ಗಡುವು ಯಾವ ದಿನದಿಂದ ಎಣಿಸಲಿ? ಹೈಕೋರ್ಟಿಗೆ ಹೋಗಿ ‘ನಾನೇ ನನ್ನ ಪುಸ್ತಕವನ್ನು ಹಿಂಪಡೆದೆ, ಅದನ್ನು ರದ್ದು ಮಾಡಿ’ ಅಂತ ಕೇಳಲಾ? ವಕೀಲ ಗೆಳೆಯನೊಬ್ಬ ಇದನ್ನು ಕೇಳಿ ತುಂಬಾ ಹೊತ್ತು ಸುಮ್ಮನಿದ್ದ. ಆಮೇಲೆ ‘ಬ್ಯಾನ್ ಮಾಡಿದ್ರೆ ಒಳ್ಳೇದಿತ್ತು ಕಣಯ್ಯ’ ಅಂದ.

ಅವನೇ ನನಗೆ ತಮಿಳುನಾಡಿನ ತೀರ್ಪು ಓದಲು ಕೊಟ್ಟದ್ದು. ಪೆರುಮಾಳ್ ಮುರುಗನ್ ಅವರ ‘ಮಾದೊರುಬಾಗನ್’ ಕಾದಂಬರಿಯನ್ನು ನಾಗರಕೋಯಿಲಿನ ಕಾಲಚ್ಚುವಡು ಪ್ರಕಾಶನ 2010ರಲ್ಲಿ ತಂದಿತ್ತು. ನಾಲ್ಕು ವರ್ಷ ಯಾರಿಗೂ ಏನೂ ಆಗಿರಲಿಲ್ಲ. 2014ರ ಕೊನೆಗೆ ತಿರುಚೆಂಗೋಡಿನಲ್ಲಿ ಪ್ರತಿಗಳನ್ನು ಸುಟ್ಟರು. ಊರು ಬಂದ್ ಆಯಿತು. 2015ರ ಜನವರಿ 12ರಂದು ನಾಮಕ್ಕಲ್‌ನಲ್ಲಿ ಜಿಲ್ಲಾಡಳಿತ ಶಾಂತಿ ಸಭೆ ಕರೆಯಿತು. ಹೌದು, ಅಲ್ಲೂ ಶಾಂತಿ ಸಭೆ. ಬೇಷರತ್ ಕ್ಷಮೆ ಕೇಳುತ್ತೇನೆ, ಉಳಿದ ಪ್ರತಿಗಳನ್ನು ವಾಪಸ್ ತೆಗೆದುಕೊಳ್ಳುತ್ತೇನೆ ಅಂತ ಲೇಖಕರು ಸಹಿ ಹಾಕಿಕೊಟ್ಟರು. ಮನೆಗೆ ಬಂದು ಫೇಸ್‌ಬುಕ್‌ನಲ್ಲಿ ಬರಹಗಾರ ಪೆರುಮಾಳ್ ಮುರುಗನ್ ಸತ್ತ ಅಂತ ಬರೆದರು. ತನ್ನ ಪುಸ್ತಕಗಳನ್ನೆಲ್ಲ ಮಾರುವುದು ನಿಲ್ಲಿಸಿ, ನಷ್ಟ ನಾನು ತುಂಬಿಕೊಡುತ್ತೇನೆ ಅಂತ ಪ್ರಕಾಶಕರಿಗೆ ಹೇಳಿದರು. ಆ ಸಾಲು ಓದಿದಾಗ ನನ್ನ ಹೊಟ್ಟೆಯಲ್ಲಿ ಏನೋ ಕಿವುಚಿದ ಹಾಗಾಯಿತು. ಪ್ರಕಾಶಕನಿಗೆ ಲೇಖಕ ನಷ್ಟ ತುಂಬಿಕೊಡುವ ಮಾತನ್ನು ನಾನು ಅದಕ್ಕೂ ಮೊದಲು ಕೇಳಿರಲೇ ಇಲ್ಲ.

2016ರ ಜುಲೈ 5ರಂದು ಮದ್ರಾಸ್ ಹೈಕೋರ್ಟ್ ತೀರ್ಪು ಕೊಟ್ಟಿತು. ಮುಖ್ಯ ನ್ಯಾಯಮೂರ್ತಿ ಸಂಜಯ್ ಕಿಶನ್ ಕೌಲ್ ಮತ್ತು ನ್ಯಾಯಮೂರ್ತಿ ಪುಷ್ಪಾ ಸತ್ಯನಾರಾಯಣ ಇದ್ದ ಪೀಠ. ಆ ಶಾಂತಿ ಸಭೆಯ ಒಪ್ಪಂದ ಯಾರನ್ನೂ ಕಟ್ಟಿಹಾಕುವುದಿಲ್ಲ ಅಂತ ಹೇಳಿತು. ಪುಸ್ತಕ ಇಷ್ಟವಾಗದಿದ್ದರೆ ಬಿಸಾಡಿ, ಓದಲೇಬೇಕು ಅಂತ ಯಾರೂ ಒತ್ತಾಯ ಮಾಡಿಲ್ಲ ಅಂತಲೂ ಹೇಳಿತು. ಲೇಖಕ ಮತ್ತೆ ಎದ್ದು ಬರಲಿ, ಬರೆಯಲಿ ಅನ್ನುವುದು ತೀರ್ಪಿನ ಕೊನೆಯ ಮಾತು. ಎಲ್ಲರೂ ಆ ಕೊನೆಯ ಮಾತನ್ನೇ ಹೇಳುತ್ತಾರೆ. ನನಗೆ ಬೇಕಾದದ್ದು ಮೊದಲನೆಯದು. ಕಚೇರಿಯೊಳಗೆ ಗುಂಪು ಕೂರಿಸಿಕೊಂಡು ಬರೆಸಿಕೊಂಡ ಹಾಳೆಗೆ ಬೆಲೆ ಇಲ್ಲ ಅನ್ನುವುದು. ಮದ್ರಾಸಿನ ತೀರ್ಪು ಕರ್ನಾಟಕದ ಠಾಣೆಯನ್ನು ಕಟ್ಟಿಹಾಕುವುದಿಲ್ಲ ಅಂತ ಗೆಳೆಯ ಎಚ್ಚರಿಸಿದ. ಗೊತ್ತು. ಆದರೂ ಬೆನ್ನಿಗೆ ಒಂದು ಗೋಡೆ ಸಿಕ್ಕ ಹಾಗಾಯಿತು.

ನಮ್ಮ ರಾಜ್ಯದ ಚರಿತ್ರೆಯನ್ನೂ ಮುಚ್ಚಿಡುವುದಿಲ್ಲ. ಅದು ನನ್ನ ಪರವಾಗಿ ಇಲ್ಲ. ಪಿ.ವಿ. ನಾರಾಯಣ ಅವರ ‘ಧರ್ಮಕಾರಣ’ ಕಾದಂಬರಿ 1995ರಲ್ಲಿ ಬಂತು. ಅದಕ್ಕೆ ಕರ್ನಾಟಕ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಕೊಟ್ಟದ್ದು ಇದೇ ರಾಜ್ಯ. ಆಮೇಲೆ ಚನ್ನಬಸವಣ್ಣನ ಹುಟ್ಟಿನ ಬಗ್ಗೆ ಬರೆದ ಭಾಗಕ್ಕೆ ವಿರೋಧ ಬಂತು. 95ನೇ ಕಲಂ ಕೆಳಗೆ ಮುಟ್ಟುಗೋಲು ಹಾಕಿದ್ದೂ ಇದೇ ರಾಜ್ಯ. ಬರಗೂರು ರಾಮಚಂದ್ರಪ್ಪ ಅವರು ಸುಪ್ರೀಂ ಕೋರ್ಟಿನ ತನಕ ಹೋದರು. 2007ರ ಮೇ ತಿಂಗಳಲ್ಲಿ ಕೋರ್ಟ್ ಮುಟ್ಟುಗೋಲನ್ನು ಎತ್ತಿಹಿಡಿಯಿತು. ಆ ತೀರ್ಪನ್ನು ನಾನು ಒಪ್ಪುವುದಿಲ್ಲ. ಕಾದಂಬರಿಯ ಒಂದು ಭಾಗವನ್ನು ಕತ್ತರಿಸಿ ತಕ್ಕಡಿಯಲ್ಲಿ ಇಟ್ಟರೆ ಯಾವ ಕಾದಂಬರಿಯೂ ಉಳಿಯುವುದಿಲ್ಲ ಅನ್ನುವುದು ನನ್ನ ವಾದ. ಆದರೆ ಒಂದು ಮಾತು ಒಪ್ಪುತ್ತೇನೆ. ಅಲ್ಲಿ ಸರ್ಕಾರ ಎದುರಿಗೆ ನಿಂತಿತ್ತು. ಅಧಿಸೂಚನೆ ಇತ್ತು, ವಕೀಲರು ಇದ್ದರು, ಎರಡೂ ಕಡೆಯ ವಾದ ಇತ್ತು. ಇವತ್ತು ಯಾರು ಬೇಕಾದರೂ ಆ ತೀರ್ಪು ತೆಗೆದು ಓದಿ, ಕೋರ್ಟ್ ಇಲ್ಲಿ ತಪ್ಪಿತು ಅಂತ ಬೆರಳಿಟ್ಟು ತೋರಿಸಬಹುದು. ಸೋಲಿಗೂ ಒಂದು ವಿಳಾಸ ಇತ್ತು.

ಬ್ರಿಟಿಷರ ಕಾಲದಲ್ಲೂ ಹಾಗೆಯೇ. ‘ನರಬಲಿ’ ಪದ್ಯಕ್ಕಾಗಿ ಬೇಂದ್ರೆಯವರನ್ನು ಹಿಂಡಲಗಾ ಜೈಲಿಗೆ ಹಾಕಿದರು. ಮೇಷ್ಟ್ರ ಕೆಲಸವೂ ಹೋಯಿತು. ಕ್ರೂರ ಕೆಲಸವೇ. ಆದರೆ ಇಂಥ ಪದ್ಯಕ್ಕಾಗಿ ಹಿಡಿದಿದ್ದೇವೆ ಅಂತ ಹೇಳಿ ಹಿಡಿದರು. ‘ಬೇಂದ್ರೆ ಸ್ವಇಚ್ಛೆಯಿಂದ ಜೈಲಿಗೆ ಬಂದಿದ್ದಾರೆ’ ಅಂತ ಬರೆಸಿಕೊಳ್ಳಲಿಲ್ಲ.

ಶರಣರ ಹೆಸರು, ವಚನಗಳ ಸಾಲು ತಂದು ಭಾಷಣ ಮಾಡಬೇಕು ಅಂತ ಇಲ್ಲಿ ಕೈ ತುರಿಸುತ್ತದೆ. ಬೇಡ. ಅದನ್ನು ನೀವೂ ಮಾಡುತ್ತೀರಿ, ನಮ್ಮನ್ನು ವಿರೋಧಿಸುವವರೂ ಮಾಡುತ್ತಾರೆ.

ಪುಸ್ತಕ ಅಂದಕೂಡಲೇ ಎಲ್ಲರ ಕಣ್ಣು ಲೇಖಕರ ಮೇಲೆ ಹೋಗುತ್ತದೆ. ಸರಿಯೇ. ಜೀವ ಕೊಟ್ಟವರೂ ಅವರೇ. ಸಂಶೋಧಕ ಎಂ.ಎಂ. ಕಲಬುರ್ಗಿಯವರು 1989ರಲ್ಲಿ ತಮ್ಮ ‘ಮಾರ್ಗ’ ಗ್ರಂಥದ ಬರಹಗಳನ್ನು ಒತ್ತಡಕ್ಕೆ ಸಿಕ್ಕಿ ಹಿಂತೆಗೆದುಕೊಂಡಾಗ, ಮನೆಯವರ ಜೀವ ಉಳಿಸಲು ಹಾಗೆ ಮಾಡಿದೆ, ಅವತ್ತು ನನ್ನ ಬೌದ್ಧಿಕ ಆತ್ಮಹತ್ಯೆಯಾಯಿತು ಅಂದಿದ್ದರು. 2015ರ ಆಗಸ್ಟ್ 30ರಂದು ಧಾರವಾಡದ ಮನೆ ಬಾಗಿಲಲ್ಲೇ ಅವರನ್ನು ಗುಂಡಿಟ್ಟು ಕೊಂದರು. ಅದರ ಮುಂದೆ ನನ್ನ ಕಷ್ಟ ಕಷ್ಟವೇ ಅಲ್ಲ.

ಆದರೆ ಪುಸ್ತಕವನ್ನು ನಿಲ್ಲಿಸಬೇಕು ಅನ್ನುವವರಿಗೆ ಒಂದು ವಿಷಯ ಚೆನ್ನಾಗಿ ಗೊತ್ತು. ಲೇಖಕ ಹಟಮಾರಿ ಆಗಿರಬಹುದು. ಮುದ್ರಕ ಹಾಗಲ್ಲ. ಅವನಿಗೆ ಮದುವೆ ಕಾರ್ಡು, ಬಿಲ್ ಬುಕ್ಕು, ಪ್ರಶ್ನೆಪತ್ರಿಕೆ ಎಲ್ಲ ಅಚ್ಚಾಗಬೇಕು. 1867ರ ಕಾಯ್ದೆ ಇತ್ತು. ಪ್ರತಿ ಪುಸ್ತಕದಲ್ಲೂ ಮುದ್ರಕನ ಹೆಸರು, ಊರು ಇರಲೇಬೇಕು ಅಂತ. 1857ರ ದಂಗೆಯಾಗಿ ಹತ್ತು ವರ್ಷಕ್ಕೆ ಮಾಡಿದ್ದು. ಬ್ರಿಟಿಷರಿಗೆ ಯಾರ ಬಾಗಿಲು ತಟ್ಟಬೇಕು ಅಂತ ಗೊತ್ತಿರಬೇಕಿತ್ತು. 2024ರ ಮಾರ್ಚ್‌ನಿಂದ ಅದರ ಜಾಗದಲ್ಲಿ ಹೊಸ ಕಾಯ್ದೆ ಬಂದಿದೆ, ಅದು ಪತ್ರಿಕೆಗಳಿಗೆ ಮಾತ್ರ. ಪುಸ್ತಕಗಳನ್ನು ಕೈಬಿಟ್ಟಿದ್ದಾರೆ. ಆದರೂ ನಾವೆಲ್ಲ ರೂಢಿಯಿಂದ ಮುದ್ರಕರ ಹೆಸರು ಹಾಕುತ್ತಲೇ ಇದ್ದೇವೆ. ನಮ್ಮ ಪ್ರೆಸ್ಸಿನವರು ಹೆದರಿದ್ದು ಆ ಒಂದು ಸಾಲಿಗೆ.

ಹೆದರಿಕೆ ಸುಳ್ಳೂ ಅಲ್ಲ. ಶಿವಾಜಿಯ ಬಗ್ಗೆ ಜೇಮ್ಸ್ ಲೇನ್ ಬರೆದ ಪುಸ್ತಕದ ಗಲಾಟೆ ನೆನಪಿರಬಹುದು. 2004ರ ಜನವರಿಯಲ್ಲಿ ಪುಣೆಯ ಭಂಡಾರ್ಕರ್ ಸಂಶೋಧನಾ ಸಂಸ್ಥೆಯ ಮೇಲೆ ದಾಳಿ ಆಯಿತಲ್ಲ, ಅದೇ. ಪ್ರಕಾಶಕರು ಅಷ್ಟು ಹೊತ್ತಿಗೆ ಪುಸ್ತಕವನ್ನು ಭಾರತದ ಮಾರುಕಟ್ಟೆಯಿಂದ ವಾಪಸ್ ತೆಗೆದುಕೊಂಡಿದ್ದರು. ಆದರೂ ಪ್ರಕಾಶಕರ ಮೇಲೂ ಮುದ್ರಕರ ಮೇಲೂ ಕೇಸ್ ಬಿತ್ತು. ಸುಪ್ರೀಂ ಕೋರ್ಟ್ ಆ ಕೇಸನ್ನು ರದ್ದು ಮಾಡಿದ್ದು 2007ರಲ್ಲಿ. ಮುಟ್ಟುಗೋಲಿನ ಅಧಿಸೂಚನೆ ಪೂರ್ತಿ ಬಿದ್ದುಹೋದದ್ದು 2010ರಲ್ಲಿ. ಗೆದ್ದರು. ಆದರೆ ಅಷ್ಟು ವರ್ಷ ನಮ್ಮಂಥವರ ಯಾವ ಪ್ರೆಸ್ ಬಾಗಿಲು ತೆರೆದಿಟ್ಟುಕೊಂಡು ಇರುತ್ತದೆ?

ಅಂಗಡಿಯವನ ಕಥೆ ಇನ್ನೂ ಹಳೆಯದು. 1960ರಲ್ಲಿ ಲಂಡನ್ನಿನಲ್ಲಿ ಡಿ.ಎಚ್. ಲಾರೆನ್ಸ್ ಅವರ ಒಂದು ಕಾದಂಬರಿ ಅಶ್ಲೀಲ ಅಂತ ಪೆಂಗ್ವಿನ್ ಪ್ರಕಾಶನ ಸಂಸ್ಥೆಯ ಮೇಲೆ ಮೊಕದ್ದಮೆ ನಡೆಯಿತು. ಪೆಂಗ್ವಿನ್ ಗೆದ್ದಿತು, ಪುಸ್ತಕ ಲಕ್ಷಗಟ್ಟಲೆ ಹೋಯಿತು. ಅದೇ ಕಾದಂಬರಿಯನ್ನು ಮುಂಬೈಯ ಒಂದು ಪುಸ್ತಕದ ಮಳಿಗೆ ಮಾರಿತ್ತು. 1964ರಲ್ಲಿ ನಮ್ಮ ಸುಪ್ರೀಂ ಕೋರ್ಟ್ ಮಳಿಗೆಯ ಪಾಲುದಾರರಾದ ರಂಜಿತ್ ಉದೇಶಿಯವರ ಶಿಕ್ಷೆಯನ್ನು ಎತ್ತಿಹಿಡಿಯಿತು. ಪುಸ್ತಕದೊಳಗೆ ಏನಿದೆ ಅಂತ ಅಂಗಡಿಯವನಿಗೆ ಗೊತ್ತಿತ್ತು ಅಂತ ಪೊಲೀಸರು ಸಾಬೀತು ಮಾಡಬೇಕಾಗಿಲ್ಲ ಅಂತಲೂ ಹೇಳಿತು. ನಮ್ಮ ಊರಿನ ಅಂಗಡಿಯವರು ಆ ತೀರ್ಪು ಓದಿಲ್ಲ. ಓದದೆಯೇ ಅವರಿಗೆ ಗೊತ್ತಿದೆ.

ದೊಡ್ಡವರೂ ಮಣಿಯುತ್ತಾರೆ ಸಾರ್. ವೆಂಡಿ ಡೊನಿಗರ್ ಅವರ ‘ದಿ ಹಿಂದೂಸ್’ ಪುಸ್ತಕದ ವಿಷಯದಲ್ಲಿ ಯಾವ ಸರ್ಕಾರವೂ ನಿಷೇಧ ಹೇರಿರಲಿಲ್ಲ. ಯಾವ ಕೋರ್ಟೂ ಹೇಳಿರಲಿಲ್ಲ. ಆದರೂ 2014ರ ಫೆಬ್ರವರಿಯಲ್ಲಿ ಪೆಂಗ್ವಿನ್ ಇಂಡಿಯಾ ಕೋರ್ಟಿನ ಹೊರಗೆ ರಾಜಿ ಮಾಡಿಕೊಂಡು ಪ್ರತಿಗಳನ್ನು ರದ್ದಿ ಮಾಡಲು ಒಪ್ಪಿತು. ಲಂಡನ್ನಿನಲ್ಲಿ ಗೆದ್ದ ಅದೇ ಹೆಸರಿನ ಸಂಸ್ಥೆ. ಧಾರ್ಮಿಕ ಭಾವನೆ ಕೆರಳಿಸುವುದನ್ನು ಅಪರಾಧ ಅನ್ನುವ, ದಂಡ ಸಂಹಿತೆಯ 295ಎ ಕಲಂ ಇರುವಾಗ ನಾವೇನು ಮಾಡೋಣ ಅಂತ ಸಮಜಾಯಿಷಿ ಕೊಟ್ಟಿತು. ಮರುವರ್ಷ ಅದೇ ಪುಸ್ತಕವನ್ನು ಸ್ಪೀಕಿಂಗ್ ಟೈಗರ್ ಅನ್ನುವ ಸಣ್ಣ, ಹೊಸ ಪ್ರಕಾಶನ ಭಾರತದಲ್ಲೇ ತಂದಿತು. ಆಕಾಶ ಬೀಳಲಿಲ್ಲ. ನನಗೆ ಇದು ಸಮಾಧಾನವೂ ಹೌದು, ನಾಚಿಕೆಯೂ ಹೌದು. ಸಣ್ಣವನಾಗಿದ್ದರಿಂದ ಸಹಿ ಹಾಕಿದೆ ಅನ್ನುವ ನನ್ನ ನೆಪ ಹೋಯಿತು.

ಆ 295ಎ ಹುಟ್ಟಿದ್ದೂ ಒಬ್ಬ ಪ್ರಕಾಶಕನ ಮೊಕದ್ದಮೆಯಿಂದಲೇ. ಲಾಹೋರಿನ ರಾಜಪಾಲ್. 1920ರ ದಶಕದಲ್ಲಿ ಲೇಖಕನ ಹೆಸರಿಲ್ಲದೆ ಒಂದು ಪುಸ್ತಕ ತಂದರು. ಬರೆದವರ ಹೆಸರನ್ನು ಕೊನೆಗೂ ಬಿಟ್ಟುಕೊಡಲಿಲ್ಲ. 1927ರಲ್ಲಿ ಹೈಕೋರ್ಟ್ ಅವರನ್ನು ಬಿಟ್ಟಿತು, ಅದೇ ವರ್ಷ ಸರ್ಕಾರ ಹೊಸ ಕಲಂ ತಂದಿತು, 1929ರಲ್ಲಿ ಅವರನ್ನು ಇರಿದು ಕೊಂದರು. ಆ ಪುಸ್ತಕ ಒಳ್ಳೆಯದು ಅಂತ ನಾನು ಹೇಳುತ್ತಿಲ್ಲ. ಅಂಥದ್ದು ನನ್ನ ಮೇಜಿಗೆ ಬಂದರೆ ವಾಪಸ್ ಕಳಿಸುತ್ತೇನೆ. ಒಂದು ಸಮುದಾಯದ ಮೇಲೆ ಇನ್ನೊಂದನ್ನು ಎತ್ತಿಕಟ್ಟಲೆಂದೇ ಬರೆದ ಪುಸ್ತಕಗಳು ಇವತ್ತೂ ಬರುತ್ತವೆ, ಅವಕ್ಕೆ ಕಾನೂನು ಬೇಡ ಅನ್ನುವಷ್ಟು ಮುಗ್ಧ ನಾನಲ್ಲ. ನಾನು ಕೇಳುವುದು ಬೇರೆ. ಕಾನೂನು ಅನ್ನುವುದಾದರೆ ಕಾನೂನಿನ ದಾರಿಯಲ್ಲೇ ಬನ್ನಿ.

ಕಾನೂನಿನ ದಾರಿ ಸಾಕಷ್ಟು ಅಗಲ ಇದೆ. 2025ರ ಆಗಸ್ಟ್ 5ರಂದು ಜಮ್ಮು ಮತ್ತು ಕಾಶ್ಮೀರದ ಗೃಹ ಇಲಾಖೆ ಇದೇ 98ನೇ ಕಲಂ ಹಿಡಿದು ಒಂದೇ ಅಧಿಸೂಚನೆಯಲ್ಲಿ 25 ಪುಸ್ತಕ ಮುಟ್ಟುಗೋಲು ಹಾಕಿತು. ಅದರಲ್ಲಿ ಅರುಂಧತಿ ರಾಯ್, ಎ.ಜಿ. ನೂರಾನಿಯವರ ಪುಸ್ತಕಗಳೂ ಇದ್ದವು. ಪೊಲೀಸರು ಶ್ರೀನಗರದ ಪುಸ್ತಕದ ಅಂಗಡಿಗಳಲ್ಲಿ ಹುಡುಕಾಡಿದರು. 25 ಪುಸ್ತಕಕ್ಕೆ ಒಂದೇ ಕಾರಣ ಹೇಗೆ ಹೊಂದುತ್ತದೋ ನನಗೆ ಅರ್ಥವಾಗುವುದಿಲ್ಲ. ಪುಸ್ತಕಗಳನ್ನು ಕಟ್ಟು ಕಟ್ಟಿ ತೂಗುವುದು ರದ್ದಿ ಅಂಗಡಿಯಲ್ಲಿ. ಆದರೂ ಪಟ್ಟಿ ಹೊರಗಿದೆ, ದಿನಾಂಕ ಇದೆ. ಪ್ರಶ್ನೆ ಮಾಡುವವರು ಮಾಡುತ್ತಿದ್ದಾರೆ.

ಇನ್ನೊಂದು ವಿಷಯ. ನಿಮ್ಮ ಇಲಾಖೆಯದ್ದಲ್ಲ, ಆದರೆ ನಿಮಗೂ ಗೊತ್ತಿರಲಿ. ಕನ್ನಡ ಪ್ರಕಾಶಕ ಬದುಕುವುದು ಅರ್ಧಕ್ಕರ್ಧ ಗ್ರಂಥಾಲಯದ ಸಗಟು ಖರೀದಿಯಿಂದ. ಠಾಣೆಗೆ ಹೋಗಿಬಂದ ಪುಸ್ತಕ ಅಂದಕೂಡಲೇ ನಾವು ಅರ್ಜಿ ಹಾಕುವಾಗಲೇ ಅದನ್ನು ಬದಿಗಿಡುತ್ತೇವೆ. ಯಾರೂ ಹೇಳಬೇಕಾಗಿಲ್ಲ. ಈ ವರ್ಷ ನನಗೆ ಎರಡು ಹಸ್ತಪ್ರತಿ ಬಂದವು. ಒಂದರಲ್ಲಿ ಮಠದ ಕಥೆ ಇತ್ತು, ಚೆನ್ನಾಗಿತ್ತು. ಓದುತ್ತಾ ಇರುವಾಗಲೇ ಪೆನ್ಸಿಲ್ ತೆಗೆದು ಒಂದು ಪ್ಯಾರಾದ ಪಕ್ಕ ಗೆರೆ ಎಳೆದೆ. ಹೆಂಡತಿ ನೋಡಿ ‘ಇದೇನು ಗೆರೆ?’ ಅಂದಳು. ಉತ್ತರ ಹೊಳೆಯಲಿಲ್ಲ. ಅವಳು ರಬ್ಬರ್ ತಂದು ಅಳಿಸಿದಳು. ಈ ಪತ್ರ ಬರೆಯಲು ಕೂತದ್ದು ಆ ರಾತ್ರಿ.

ಹಾಗಾಗಿ ಈಗ ಬರೆಯುತ್ತೇನೆ. ಇದನ್ನು ಯಾರೂ ಹೇಳಿ ಬರೆಸುತ್ತಿಲ್ಲ. ಹೋದ ವರ್ಷ ಠಾಣೆಯಲ್ಲಿ ಬರೆದುಕೊಟ್ಟ ಹಾಳೆಯನ್ನು ನಾನು ಹಿಂತೆಗೆದುಕೊಂಡಿದ್ದೇನೆ. ಅಟ್ಟದಲ್ಲಿ 418 ಪ್ರತಿ ಇವೆ. ಇದೇ ಸೋಮವಾರದಿಂದ ಅವು ಮಾರಾಟಕ್ಕೆ ಇರುತ್ತವೆ. ಮುದ್ರಕರ ಹೆಸರಿರುವ ಸಾಲಿನ ಮೇಲೆ ಅವರ ಮಾತಿನಂತೆ ಸಣ್ಣ ಚೀಟಿ ಅಂಟಿಸಿದ್ದೇನೆ. ಅಂಗಡಿಯವರನ್ನು ಕೇಳಿಲ್ಲ. ನಮ್ಮ ಮನೆಯ ಮುಂದಿನ ಕೋಣೆಯಲ್ಲೇ ಮೇಜು ಹಾಕಿ ಮಾರುತ್ತೇನೆ. ಯಾರನ್ನಾದರೂ ಪ್ರಶ್ನೆ ಮಾಡಬೇಕು ಅಂದರೆ ನನ್ನನ್ನು ಮಾಡಿ.

ನಿಮ್ಮಿಂದ ನಾನು ರಕ್ಷಣೆ ಕೇಳುತ್ತಿಲ್ಲ. ಪೊಲೀಸ್ ಪೇದೆಯನ್ನು ಬಾಗಿಲಲ್ಲಿ ನಿಲ್ಲಿಸಿದರೆ ಓದುಗರೂ ಬರುವುದಿಲ್ಲ. ಕೇಳುವುದು ಒಂದು ಸುತ್ತೋಲೆ. ರಾಜ್ಯದ ಯಾವ ಠಾಣೆಯೂ ಲೇಖಕರಿಂದ, ಪ್ರಕಾಶಕರಿಂದ, ಪ್ರೆಸ್ಸಿನವರಿಂದ, ಅಂಗಡಿಯವರಿಂದ ಇಂಥ ಹಾಳೆ ಬರೆಸಿಕೊಳ್ಳಬಾರದು ಅಂತ. ದೂರು ಬಂದರೆ ದೂರಿನ ಪ್ರತಿಯನ್ನು ನಮ್ಮ ಕೈಗೆ ಕೊಡಲಿ. ದೂರು ಕೊಟ್ಟವರು ಪುಸ್ತಕ ಓದಿದ್ದಾರಾ ಅಂತ ಒಂದು ಮಾತು ಕೇಳಲಿ, ಅಷ್ಟು ಕೇಳಿದರೇ ಅರ್ಧ ದೂರು ಅಲ್ಲೇ ಮುಗಿದೀತು. ಇಷ್ಟರ ಮೇಲೂ ಪುಸ್ತಕ ನಿಲ್ಲಿಸಲೇಬೇಕು ಅಂತ ಸರ್ಕಾರಕ್ಕೆ ಅನ್ನಿಸಿದರೆ ದಯವಿಟ್ಟು ನನ್ನ ಕೈಯಿಂದ ಬರೆಸಬೇಡಿ. ನೀವು ಬರೆಯಿರಿ. ಯಾವ ಪುಟ, ಯಾವ ಸಾಲು, ಯಾಕೆ ಅಂತ ಬರೆದು, ಸಹಿ ಹಾಕಿ, ಗೆಜೆಟ್‌ನಲ್ಲಿ ಅಚ್ಚು ಹಾಕಿಸಿ. ಪ್ರೂಫ್ ಬೇಕಾದರೆ ನಾನೇ ನೋಡಿಕೊಡುತ್ತೇನೆ. ಆಮೇಲೆ ಎರಡು ತಿಂಗಳು ನನ್ನದು.

ಪುಸ್ತಕದ ಒಂದು ಪ್ರತಿಯನ್ನು ನಿಮ್ಮ ಕಚೇರಿಯ ವಿಳಾಸಕ್ಕೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿದ್ದೇನೆ. ಬಿಲ್ ಹಾಕಿಲ್ಲ. 87ನೇ ಪುಟಕ್ಕೆ ಗುರುತಿನ ಚೀಟಿಯನ್ನೂ ಇಟ್ಟಿಲ್ಲ. ಆ ಕಥೆ ಶುರುವಾಗುವುದು 79ರಲ್ಲಿ.

ಇತಿ,
ನಿಮ್ಮ ರಾಜ್ಯದ ಒಬ್ಬ ಪುಸ್ತಕ ಪ್ರಕಾಶಕ